ಒಳಗೆ ಬಂದದ್ದು ಹೇಗೆ, ಹಕ್ಕು ಮುಗಿದದ್ದು ಯಾವಾಗ: ಬಾಡಿಗೆ ತಕರಾರುಗಳ ಕಾನೂನು

ಅಪ್ಪನ ಕಾಲದಲ್ಲಿ ಒಬ್ಬರಿಗೆ ಬಾಡಿಗೆಗೆ ಕೊಟ್ಟ ಅಂಗಡಿ, ಈಗ ಗಲ್ಲಾ ಮೇಲೆ ಕೂತಿರುವುದು ಇನ್ಯಾರೋ. ಕರಾರು ಮುಗಿದು ವರ್ಷ ಕಳೆದರೂ ಮನೆ ಬಿಡದ ಬಾಡಿಗೆದಾರ. ಇನ್ನೊಂದು ಕಡೆ, ಹಬ್ಬಕ್ಕೆ ಊರಿಗೆ ಹೋಗಿ ಬರುವಷ್ಟರಲ್ಲಿ ಬಾಡಿಗೆ ಮನೆಗೆ ಬೇರೆ ಬೀಗ ಬಿದ್ದಿರುವುದನ್ನು ಕಂಡು ಬೀದಿಯಲ್ಲಿ ನಿಂತ ಸಂಸಾರ. ಇವರೆಲ್ಲ ಮೊದಲು ಹೋಗುವುದು ಪೊಲೀಸ್ ಠಾಣೆಗೆ. ಅಲ್ಲಿ ಸಾಮಾನ್ಯವಾಗಿ ಸಿಗುವುದು 'ಇದು ಸಿವಿಲ್ ಸ್ವರೂಪದ ವಿಷಯ, ನ್ಯಾಯಾಲಯದಲ್ಲಿ ಬಗೆಹರಿಸಿಕೊಳ್ಳಿ' ಎಂಬ ಒಂದು ಹಿಂಬರಹ.

ಆ ಹಿಂಬರಹ ಹಿಡಿದು ವಕೀಲರ ಬಳಿ ಹೋದಾಗ ಅವರು ಕೇಳುವ ಪ್ರಶ್ನೆಗಳು ವಿಚಿತ್ರ ಅನ್ನಿಸಬಹುದು. ಬಾಡಿಗೆ ಎಷ್ಟು? ಅಂಗಡಿಯ ಅಳತೆ ಎಷ್ಟು? ಕಟ್ಟಡ ಕಟ್ಟಿ ಎಷ್ಟು ವರ್ಷವಾಯಿತು? ರಶೀದಿ ಇದೆಯೇ? ಯಾವ ಕಾನೂನು, ಯಾವ ಕೋರ್ಟು, ಎಷ್ಟು ಕಾಲ ಎಂಬುದೆಲ್ಲ ಈ ಉತ್ತರಗಳ ಮೇಲೆ ನಿಂತಿದೆ. ಕರ್ನಾಟಕದ ಮಟ್ಟಿಗೆ ಇದು ಹೇಗೆ ನಡೆಯುತ್ತದೆ ಎಂದು ನೋಡೋಣ.

ಮೊದಲ ಪ್ರಶ್ನೆ: ಒಳಗೆ ಬಂದದ್ದು ಹೇಗೆ?

ಮಾಲೀಕರ ಕಣ್ಣಿಗೆ, ಬಿಡು ಎಂದ ಮೇಲೂ ಬಿಡದವರೆಲ್ಲ ಅಕ್ರಮವಾಗಿ ಕೂತವರೇ. ಕಾನೂನು ಹಾಗೆ ಒಂದೇ ಬುಟ್ಟಿಗೆ ಹಾಕುವುದಿಲ್ಲ. ಬಸ್ಸನ್ನು ನೆನೆಸಿಕೊಳ್ಳಿ. ಟಿಕೆಟ್ ಪಡೆದು ತನ್ನ ಸ್ಟಾಪಿನವರೆಗೆ ಕೂತವನು ಒಬ್ಬ. ಟಿಕೆಟ್ ಪಡೆದೇ ಹತ್ತಿದ, ಆದರೆ ಸ್ಟಾಪ್ ದಾಟಿದರೂ ಇಳಿಯಲಿಲ್ಲ, ಇವನು ಇನ್ನೊಬ್ಬ. ಟಿಕೆಟ್ಟೇ ಇಲ್ಲದೆ ಹಿಂಬಾಗಿಲಿನಿಂದ ಹತ್ತಿದವನು ಮೂರನೆಯವನು. ಡ್ರೈವರಿನ ಪರಿಚಯದಿಂದ ಸುಮ್ಮನೆ ಕೂತವನು ನಾಲ್ಕನೆಯವನು. ಸ್ಟಾಪ್ ದಾಟಿದವನಿಂದ ಕಂಡಕ್ಟರ್ ಮತ್ತೆ ದುಡ್ಡು ಇಸಿದುಕೊಂಡರೆ ಅವನು ಪುನಃ ಟಿಕೆಟ್ ಇದ್ದವನೇ ಆಗುತ್ತಾನೆ.

ಕಾನೂನಿನ ಮಾತಿನಲ್ಲಿ ಮೊದಲನೆಯವನು ಬಾಡಿಗೆದಾರ. ಎರಡನೆಯವನ ಪ್ರವೇಶ ಸಕ್ರಮ, ಉಳಿದದ್ದು ಮಾತ್ರ ಅಕ್ರಮ. ಅವನನ್ನು ಅತಿಕ್ರಮಣಕಾರ ಎನ್ನುವುದಿಲ್ಲ. ಮೂರನೆಯವನೇ ನಿಜವಾದ ಅತಿಕ್ರಮಣಕಾರ. ನಾಲ್ಕನೆಯವನು ಪರವಾನಗಿಯ ಮೇಲೆ ಇರುವವನು: ತೋಟದ ಮನೆ ನೋಡಿಕೊಳ್ಳುವ ಕಾವಲುಗಾರ, ನಾಲ್ಕು ದಿನ ಇದ್ದು ಹೋಗುತ್ತೇನೆಂದು ಬಂದ ನೆಂಟ, ಪಿಜಿಯಲ್ಲಿ ಹಾಸಿಗೆ ಹಿಡಿದ ಹುಡುಗ. ಅವನಿಗೆ ಇರಲು ಅನುಮತಿ ಇದೆ, ಆಸ್ತಿಯ ಮೇಲೆ ಹಕ್ಕು ಹುಟ್ಟಿಲ್ಲ.

ಕಾಗದದ ತಲೆಬರಹ ನೋಡಿ ಇದನ್ನು ತೀರ್ಮಾನಿಸಲಾಗದು. 'ಲೀವ್ ಅಂಡ್ ಲೈಸೆನ್ಸ್', ಅಂದರೆ ಬರೀ ಪರವಾನಗಿಯ ಪತ್ರ, ಎಂದು ಬರೆಸಿದರೂ, ಜಾಗದ ಸಂಪೂರ್ಣ ಸ್ವಾಧೀನವನ್ನು ಒಬ್ಬರಿಗೇ ಬಿಟ್ಟುಕೊಟ್ಟಿದ್ದರೆ ಅದು ಬಾಡಿಗೆಯೇ ಆಗಬಹುದು. ಹೆಸರಿಗಿಂತ ಒಳಗಿನ ತಿರುಳು ಮುಖ್ಯ ಎಂದು ಸುಪ್ರೀಂ ಕೋರ್ಟ್ 1959ರಲ್ಲೇ ಹೇಳಿದೆ.

ನಮ್ಮ ಊರುಗಳಲ್ಲಿ 'ಮನೆ ಲೀಸಿಗೆ ಹಾಕಿಕೊಂಡಿದ್ದೇವೆ' ಎನ್ನುವ ವ್ಯವಹಾರ ಬೇರೆಯೇ ಒಂದು ಬಗೆ. ಒಟ್ಟಿಗೆ ಲಕ್ಷಗಟ್ಟಲೆ ಕೊಟ್ಟು ತಿಂಗಳ ಬಾಡಿಗೆ ಇಲ್ಲದೆ ಇರುವ ಈ ಪದ್ಧತಿಯಲ್ಲಿ, ಪತ್ರ ಭೋಗ್ಯದ ಅಡಮಾನವಾಗಿ ನೋಂದಣಿಯಾಗಿದ್ದರೆ ಸಾಲ ತೀರುವವರೆಗೆ ಸ್ವಾಧೀನ ಬಿಡಬೇಕಿಲ್ಲ. ಇಪ್ಪತ್ತು ರೂಪಾಯಿಯ ಛಾಪಾ ಕಾಗದದಲ್ಲಿ ಬರೆದು ನೋಟರಿ ಮಾಡಿಸಿದ ಪತ್ರಕ್ಕೆ ಆ ಬಲ ಇಲ್ಲ. ಅಂಥವರು ತಕರಾರು ಬಂದಾಗ ಹಣಕ್ಕೂ ಮನೆಗೂ ಎರಡೆರಡು ಕಡೆ ಓಡಾಡಬೇಕಾಗುತ್ತದೆ.

ಬಾಡಿಗೆ ಕಾಯ್ದೆಯ ನೆರಳು ಎಲ್ಲಿಯವರೆಗೆ?

ಬಾಡಿಗೆ ನಿಯಂತ್ರಣ ಹುಟ್ಟಿದ್ದು ಯುದ್ಧಕಾಲದ ಮನೆ ಅಭಾವದಲ್ಲಿ. ಮೊದಲನೇ ಮಹಾಯುದ್ಧದ ಹೊತ್ತಿಗೆ, 1918ರಲ್ಲಿ, ಮುಂಬಯಿಯಲ್ಲಿ ಇಂಥ ಕಾನೂನು ಬಂತು. ಮೈಸೂರು ರಾಜ್ಯ 1951ರಲ್ಲಿ ಒಂದು ಕಾಯ್ದೆ ಮಾಡಿತು, ಏಕೀಕರಣದ ನಂತರ 1961ರಲ್ಲಿ ಇಡೀ ರಾಜ್ಯಕ್ಕೆ ಒಂದು. ಆ 1961ರ ಕಾಯ್ದೆಯ ಹಿಡಿತ ಎಷ್ಟಿತ್ತೆಂದರೆ, ಕಟ್ಟಡ ಖಾಲಿಯಾದರೆ ಮಾಲೀಕರು ಬಾಡಿಗೆ ನಿಯಂತ್ರಕರಿಗೆ ತಿಳಿಸಬೇಕಿತ್ತು. ಅದನ್ನು ಯಾರಿಗೆ ಕೊಡಬೇಕೆಂದು ಆದೇಶಿಸುವ ಅಧಿಕಾರವೂ ಆ ಅಧಿಕಾರಿಗೆ ಇತ್ತು. ಹಳೆಯ ವಕೀಲರು ಈಗಲೂ ಬಾಡಿಗೆ ಕೇಸುಗಳನ್ನು 'ಎಚ್‌ಆರ್‌ಸಿ' (ಹೌಸ್ ರೆಂಟ್ ಕಂಟ್ರೋಲ್, ಮನೆ ಬಾಡಿಗೆ ನಿಯಂತ್ರಣ) ಎನ್ನುವುದು ಆ ಕಾಲದ ಉಳಿಕೆ.

ಇಂದು ಜಾರಿಯಲ್ಲಿರುವುದು ಕರ್ನಾಟಕ ಬಾಡಿಗೆ ಕಾಯ್ದೆ, 1999. ಹೆಸರಿನಲ್ಲಿ 1999 ಇದ್ದರೂ ಜಾರಿಗೆ ಬಂದದ್ದು 2001ರ ಡಿಸೆಂಬರ್ 31ರಂದು. ಬಾಡಿಗೆದಾರರಿಗೆಲ್ಲ ಈ ಕಾಯ್ದೆಯ ರಕ್ಷಣೆ ಇದೆ ಎಂದು ಬಹಳ ಜನ ನಂಬಿದ್ದಾರೆ. ಆದರೆ ಇಂದು ಹೊಸದಾಗಿ ಬಾಡಿಗೆಗೆ ಹೋಗುವ ಬಹುತೇಕ ಯಾರೂ ಇದರೊಳಗೆ ಬರುವುದೇ ಇಲ್ಲ. ಬೆಂಗಳೂರು ಸೇರಿದಂತೆ ಮೊದಲ ಗುಂಪಿನ ಪ್ರದೇಶಗಳಲ್ಲಿ ತಿಂಗಳ ಬಾಡಿಗೆ 3,500 ರೂಪಾಯಿ ದಾಟಿದರೆ, ಉಳಿದ ಕಡೆ 2,000 ರೂಪಾಯಿ ದಾಟಿದರೆ, ಕಾಯ್ದೆ ಅನ್ವಯಿಸದು. ಕಟ್ಟಿ ಅಥವಾ ಗಣನೀಯವಾಗಿ ನವೀಕರಿಸಿ 15 ವರ್ಷ ತುಂಬದ ಕಟ್ಟಡಕ್ಕೂ ಅನ್ವಯಿಸದು. ಸರ್ಕಾರದ, ಸ್ಥಳೀಯ ಸಂಸ್ಥೆಗಳ ಕಟ್ಟಡಗಳು ಮೊದಲೇ ಹೊರಗೆ.

ಅಂಗಡಿಗಳಿಗೆ ಇನ್ನೊಂದು ಗೆರೆ ಇದೆ: ಪ್ಲಿಂತ್ (ತಳಪಾಯದ ಮಟ್ಟದ) ವಿಸ್ತೀರ್ಣ 14 ಚದರ ಮೀಟರ್ ಮೀರಿದ ವಾಣಿಜ್ಯ ಜಾಗ ಕಾಯ್ದೆಯ ಹೊರಗೆ. 14 ಚದರ ಮೀಟರ್ ಎಂದರೆ ಸುಮಾರು 150 ಚದರ ಅಡಿ. ಹತ್ತು ಅಡಿ ಅಗಲ, ಹದಿನೈದು ಅಡಿ ಉದ್ದದ ಮಳಿಗೆ ಸರಿಯಾಗಿ ಈ ಗೆರೆಯ ಮೇಲೆ ಕೂರುತ್ತದೆ, ಲೆಕ್ಕ ಹಾಕಿದರೆ 13.9 ಚದರ ಮೀಟರ್ ಚಿಲ್ಲರೆ. ಉದ್ದ ಒಂದೇ ಅಡಿ ಹೆಚ್ಚಿದ್ದರೆ 14.8 ದಾಟುತ್ತದೆ. ಹಾಗಾಗಿ ಗೋಡೆಯ ದಪ್ಪ ಸೇರಿತೇ, ಹಿಂದಿನ ಗೋದಾಮು ಒಂದೇ ಬಾಡಿಗೆಯ ಭಾಗವೇ, ಮೇಲಿನ ಅಟ್ಟ ಲೆಕ್ಕಕ್ಕೆ ಬರುತ್ತದೆಯೇ ಎಂಬುದರ ಮೇಲೆ ಕೇಸು ವರ್ಷಗಟ್ಟಲೆ ಎಳೆಯುವುದುಂಟು. ಕೋರ್ಟ್ ಕಮಿಷನರ್ ಟೇಪು ಹಿಡಿದು ಬಂದು ಅಳೆದು ವರದಿ ಕೊಡುತ್ತಾರೆ. ಬಾಡಿಗೆದಾರನ ಭವಿಷ್ಯ ಒಂದು ಅಡಿಯ ಮೇಲೆ ತೂಗುವುದು ಹೀಗೆ.

ಕಾಯ್ದೆಯ ಒಳಗಿದ್ದರೆ: ಕಾರಣ ಬೇಕು

ಪೇಟೆ ಬೀದಿಯ ಹಳೆಯ ಮಳಿಗೆಗಳು, ವಠಾರದ ಸಣ್ಣ ಮನೆಗಳು ಇನ್ನೂ ಕಾಯ್ದೆಯ ಒಳಗಿವೆ. ಅಲ್ಲಿ ಕರಾರು ಮುಗಿಯಿತು ಎಂಬುದಷ್ಟೇ ಸಾಲದು. ಕಾಯ್ದೆಯ 27ನೇ ಕಲಮು ಪಟ್ಟಿ ಮಾಡಿರುವ ಕಾರಣಗಳಲ್ಲಿ ಒಂದನ್ನಾದರೂ ಮಾಲೀಕರು ರುಜುವಾತು ಮಾಡಬೇಕು. ಸಾಮಾನ್ಯವಾಗಿ ಬರುವ ಕಾರಣಗಳು ಬಾಡಿಗೆ ಬಾಕಿ, ಒಳಬಾಡಿಗೆ, ಸ್ವಂತ ಬಳಕೆಯ ಅಗತ್ಯ.

ಬಾಕಿಯ ವಿಷಯದಲ್ಲಿ, ಬಾಕಿ ಕಟ್ಟುವಂತೆ ನೋಟಿಸ್ ತಲುಪಿದ ಎರಡು ತಿಂಗಳಲ್ಲಿ ಬಾಡಿಗೆದಾರ ಪೂರ್ತಿ ಕಟ್ಟದಿದ್ದರೆ ಅರ್ಜಿ ಹಾಕಬಹುದು. ಸ್ವಂತ ಅಗತ್ಯ ಎಂದರೆ ಆಸೆಯಲ್ಲ, ನಿಜವಾದ ಅಗತ್ಯ, ಮತ್ತು ಮಾಲೀಕರಿಗೆ ತಕ್ಕ ಬೇರೆ ಜಾಗ ಇರಬಾರದು. ಮಗ ಡಾಕ್ಟರಾಗಿದ್ದಾನೆ, ಕ್ಲಿನಿಕ್ ಹಾಕಬೇಕು ಎಂದರೆ ಕೋರ್ಟ್ ಕೇಳುತ್ತದೆ. ಪಕ್ಕದಲ್ಲೇ ಇನ್ನೊಂದು ಮಳಿಗೆ ಖಾಲಿ ಬಿದ್ದಿದ್ದರೆ ಆ ಮಾತು ತೂಕ ಕಳೆದುಕೊಳ್ಳುತ್ತದೆ.

ಒಳಬಾಡಿಗೆಯೇ ಹೆಚ್ಚು ಜಟಿಲ. ಮಾಲೀಕರ ಲಿಖಿತ ಒಪ್ಪಿಗೆ ಇಲ್ಲದೆ ಜಾಗವನ್ನು ಬೇರೆಯವರಿಗೆ ವಹಿಸಿದರೆ ತೆರವಿಗೆ ಅದೇ ಸಾಕು. ಆದರೆ ಒಳಬಾಡಿಗೆ ಕೊಟ್ಟವರು ಯಾರೂ ರಶೀದಿ ಬರೆದುಕೊಡುವುದಿಲ್ಲ. 'ಇವರು ನನ್ನ ಪಾಲುದಾರರು' ಎಂದು ಪಾಲುದಾರಿಕೆ ಪತ್ರ ತೋರಿಸುತ್ತಾರೆ. ಆಗ ಕೋರ್ಟ್ ನೋಡುವುದು ಹಿಡಿತ ಯಾರ ಕೈಲಿದೆ ಎಂದು. ಅಂಗಡಿಯ ಬೋರ್ಡು ಯಾವಾಗ ಬದಲಾಯಿತು, ಟ್ರೇಡ್ ಲೈಸೆನ್ಸು, ಜಿಎಸ್‌ಟಿ ಯಾರ ಹೆಸರಲ್ಲಿವೆ, ಬೆಳಿಗ್ಗೆ ಷಟರ್ ಎತ್ತುವವರು ಯಾರು, ದಿನದ ವ್ಯಾಪಾರದ ಹಣ ಯಾರ ಖಾತೆಗೆ ಹೋಗುತ್ತದೆ. ಮೂಲ ಬಾಡಿಗೆದಾರ ವ್ಯಾಪಾರದ ಮೇಲೆ ಹಿಡಿತ ಉಳಿಸಿಕೊಂಡಿದ್ದರೆ ಪಾಲುದಾರರನ್ನು ಸೇರಿಸಿಕೊಂಡದ್ದು ಒಳಬಾಡಿಗೆ ಆಗುವುದಿಲ್ಲ. ಅವನು ತಿಂಗಳಿಗೊಮ್ಮೆ ಬಂದು ಕವರು ತೆಗೆದುಕೊಂಡು ಹೋಗುವವನಾಗಿದ್ದರೆ ಪಾಲುದಾರಿಕೆ ಪತ್ರ ಬರೀ ಮುಸುಕು.

ಬಾಡಿಗೆದಾರ ತೀರಿಕೊಂಡರೆ? ಬಾಡಿಗೆಯ ಹಕ್ಕು ತಲೆಮಾರುಗಟ್ಟಲೆ ಹರಿಯುತ್ತದೆ ಎಂಬುದು ಹಳೆಯ ನಂಬಿಕೆ. 1999ರ ಕಾಯ್ದೆಯ 5ನೇ ಕಲಮು ಅದಕ್ಕೆ ಗಡಿ ಹಾಕಿದೆ. ಸತ್ತ ಬಾಡಿಗೆದಾರನ ಜೊತೆ ಅಲ್ಲೇ ವಾಸವಿದ್ದ ಅಥವಾ ಅಲ್ಲೇ ವ್ಯಾಪಾರ ಮಾಡುತ್ತಿದ್ದ, ಅವನನ್ನು ಅವಲಂಬಿಸಿದ್ದ ಹೆಂಡತಿ ಅಥವಾ ಗಂಡ, ಅವರಿಲ್ಲದಿದ್ದರೆ ಮಕ್ಕಳು, ಬಳಿಕ ತಂದೆತಾಯಿ, ಆಮೇಲೆ ವಿಧವೆ ಸೊಸೆ, ಈ ಕ್ರಮದಲ್ಲಿ ಹಕ್ಕು ಬರುತ್ತದೆ. ಅದೂ ಸಾವಿನ ದಿನದಿಂದ ಐದು ವರ್ಷಕ್ಕೆ ಮಾತ್ರ. ಬೇರೆ ಊರಲ್ಲಿದ್ದ ಮಗ ತಿಥಿಗೆ ಬಂದು ಅಲ್ಲೇ ಉಳಿದರೆ ಅವನಿಗೆ ಈ ಕಲಮಿನ ಆಸರೆ ಇಲ್ಲ.

ಕಾಯ್ದೆಯ ಹೊರಗಿದ್ದರೆ: ನೋಟಿಸು, ಹದಿನೈದು ದಿನ

ತಿಂಗಳಿಗೆ 18 ಸಾವಿರ ಬಾಡಿಗೆಯ ಫ್ಲಾಟಿನ ತಕರಾರು 1882ರ ಆಸ್ತಿ ವರ್ಗಾವಣೆ ಕಾಯ್ದೆಯ ಕೆಳಗೆ ಬರುತ್ತದೆ. ಇಲ್ಲಿ ಮಾಲೀಕರು ಕಾರಣ ಹೇಳಬೇಕಿಲ್ಲ. ತಿಂಗಳ ಬಾಡಿಗೆಯಾದರೆ 106ನೇ ಕಲಮಿನ ಪ್ರಕಾರ 15 ದಿನಗಳ ಲಿಖಿತ ನೋಟಿಸು, ಅವಧಿ ಮುಗಿದ ಮೇಲೆ ತೆರವಿನ ದಾವೆ. ಬೆಂಗಳೂರಿನಲ್ಲಿ ಇಂಥ ದಾವೆಗಳು ಸ್ಮಾಲ್ ಕಾಸಸ್ ಕೋರ್ಟಿಗೆ (ಸಣ್ಣ ವ್ಯಾಜ್ಯಗಳ ನ್ಯಾಯಾಲಯ) ಹೋಗುತ್ತವೆ. ಮೊದಲೆಲ್ಲ ನೋಟಿಸಿನಲ್ಲಿ ಒಂದು ದಿನ ಕಡಿಮೆ ಬಿದ್ದರೂ ದಾವೆ ಬಿದ್ದುಹೋಗುತ್ತಿತ್ತು. 2002ರ ತಿದ್ದುಪಡಿ ಆ ಸಂದು ಮುಚ್ಚಿತು: ನೋಟಿಸಿನಲ್ಲಿ ಬರೆದ ಅವಧಿ ಕಡಿಮೆ ಇದ್ದರೂ, ದಾವೆ ಹೂಡುವ ಹೊತ್ತಿಗೆ 15 ದಿನ ಕಳೆದಿದ್ದರೆ ಸಾಕು.

ಎಲ್ಲರ ಕರಾರು ಪತ್ರವೂ 11 ತಿಂಗಳಿಗೇ ಏಕೆ ಇರುತ್ತದೆ ಎಂಬುದಕ್ಕೂ ಉತ್ತರ ಇಲ್ಲೇ ಇದೆ. ಒಂದು ವರ್ಷ ಮೀರಿದ ಬಾಡಿಗೆ ಕರಾರನ್ನು ನೋಂದಣಿ ಮಾಡಿಸಲೇಬೇಕು. ಐದು ವರ್ಷಕ್ಕೆಂದು ಬರೆದು ನೋಂದಣಿ ಮಾಡಿಸದಿದ್ದರೆ ಆ ಐದು ವರ್ಷದ ಮಾತಿಗೆ ಕೋರ್ಟಿನಲ್ಲಿ ಬೆಲೆ ಇರುವುದಿಲ್ಲ. ಅದು ತಿಂಗಳಿಂದ ತಿಂಗಳಿಗೆ ನಡೆಯುವ ಬಾಡಿಗೆಯಾಗಿಬಿಡುತ್ತದೆ, ಹದಿನೈದು ದಿನದ ನೋಟಿಸಿಗೆ ಮುಗಿಯುವಂಥದ್ದು. ಐದು ವರ್ಷದ ನಂಬಿಕೆಯ ಮೇಲೆ ಲಕ್ಷಾಂತರ ಸುರಿದು ಒಳಾಂಗಣ ಮಾಡಿಸಿದ ಹೋಟೆಲಿನವರು ಇದನ್ನು ತಿಳಿಯುವುದು ಬಹುಮಟ್ಟಿಗೆ ನೋಟಿಸು ಕೈಗೆ ಬಂದ ದಿನ.

ಬಸ್ಸಿನ ಕಂಡಕ್ಟರ್ ಮತ್ತೆ ದುಡ್ಡು ಇಸಿದುಕೊಂಡ ಸಂಗತಿ ಈಗ ಬರುತ್ತದೆ. ಅವಧಿ ಮುಗಿದ ನಂತರವೂ ಮಾಲೀಕರು ಬಾಡಿಗೆ ಪಡೆಯುತ್ತಾ ಒಪ್ಪಿಗೆಯಿಂದ ಮುಂದುವರಿಸಿದರೆ, 116ನೇ ಕಲಮಿನಂತೆ ಬಾಡಿಗೆ ನವೀಕರಣವಾದಂತೆ. ಹಿಂದೆ ಹಣ ಬೇಡವೆಂದರೆ ಮನಿಯಾರ್ಡರ್ ವಾಪಸ್ ಕಳಿಸಿದರೆ ಆಗಿತ್ತು. ಈಗ ಬಾಡಿಗೆದಾರ ತಿಂಗಳ ಒಂದನೇ ತಾರೀಕು ಫೋನಿನಿಂದ ಕಳಿಸಿಬಿಡುತ್ತಾನೆ, ಕೇಳದೆಯೇ ಖಾತೆಗೆ ಬೀಳುತ್ತದೆ. ಹಣ ಬಂದ ಮಾತ್ರಕ್ಕೆ ಒಪ್ಪಿಗೆ ಇತ್ತು ಎಂದಾಗುವುದಿಲ್ಲ ಎನ್ನುವುದು ನ್ಯಾಯಾಲಯಗಳ ನಿಲುವು. ಆದರೂ ವಕೀಲರು ಕೂಡಲೇ ಒಂದು ಪತ್ರ ಹಾಕಿಸುತ್ತಾರೆ: ಇದನ್ನು ಬಾಡಿಗೆ ಎಂದಲ್ಲ, ಜಾಗ ಬಳಸಿದ್ದಕ್ಕೆ ಪರಿಹಾರ ಎಂದು, ನಮ್ಮ ಹಕ್ಕಿಗೆ ಚ್ಯುತಿ ಬಾರದಂತೆ ಜಮೆ ಮಾಡಿಕೊಂಡಿದ್ದೇವೆ. ಆ ಎರಡು ಸಾಲು ಬರೆಯದಿದ್ದರೆ ಮುಂದೆ ಅದರ ಮೇಲೇ ವಾದ ಏಳುತ್ತದೆ.

'ನಾನು ಬಾಡಿಗೆದಾರನೇ ಅಲ್ಲ' ಎಂದುಬಿಟ್ಟರೆ

ಒಳಗಿರುವವನು ಸಂಬಂಧವನ್ನೇ ಅಲ್ಲಗಳೆದರೆ ತಕರಾರು ಹೊಸ ತಿರುವು ಪಡೆಯುತ್ತದೆ. ಬಾಡಿಗೆ ಕಾಯ್ದೆಯ 43ನೇ ಕಲಮು ಇದಕ್ಕೆಂದೇ ಇದೆ. ಕರಾರು ಪತ್ರ ಅಥವಾ ಬಾಡಿಗೆ ರಶೀದಿ ಇದ್ದರೆ, ಮೇಲ್ನೋಟದ ಸಾಕ್ಷ್ಯವೆಂದು ಅದನ್ನು ಹಿಡಿದು ಕೋರ್ಟ್ ಮುಂದುವರಿಯುತ್ತದೆ. ಎಲ್ಲವೂ ಬಾಯಿಮಾತಿನದು, ರಶೀದಿಯೂ ಇಲ್ಲ ಎಂದಾದರೆ ವಿಚಾರಣೆ ಅಲ್ಲಿಗೇ ನಿಲ್ಲಿಸಿ, ಸಿವಿಲ್ ಕೋರ್ಟಿನಲ್ಲಿ ಹಕ್ಕು ಘೋಷಿಸಿಕೊಂಡು ಬನ್ನಿ ಎಂದು ಕಳಿಸುತ್ತದೆ. ತೆರಿಗೆ ತಪ್ಪಿಸಲು ರಶೀದಿ ಕೊಡದೆ ನಗದು ಇಸಿದುಕೊಂಡ ಮಾಲೀಕರಿಗೆ ಇಲ್ಲಿ ಹಲವು ವರ್ಷಗಳು ಹೋಗುತ್ತವೆ.

ಬಾಡಿಗೆದಾರನೆಂದು ಒಮ್ಮೆ ಸಾಬೀತಾದರೆ, ತನ್ನನ್ನು ಒಳಗೆ ಬಿಟ್ಟವರಿಗೆ ಆಗ ಆಸ್ತಿಯ ಹಕ್ಕೇ ಇರಲಿಲ್ಲ ಎಂದು ಅವನು ಹೇಳುವಂತಿಲ್ಲ. ಸಾಕ್ಷ್ಯ ಕಾನೂನು ಆ ಬಾಗಿಲು ಮುಚ್ಚಿದೆ. ಮಾಲೀಕತ್ವ ಅಲ್ಲಗಳೆಯುವುದೇ ಬಾಡಿಗೆ ಹಕ್ಕು ಕಳೆದುಕೊಳ್ಳಲು ಕಾರಣವೂ ಆಗಬಹುದು.

'ಈ ಮನೆ ನನಗೇ ಮಾರುತ್ತೇನೆಂದು ಮಾತಾಗಿತ್ತು, ಅಡ್ವಾನ್ಸ್ ಅದರದ್ದೇ' ಎಂಬ ವಾದವೂ ಆಗಾಗ ಕೇಳಿಬರುತ್ತದೆ. ಕ್ರಯದ ಕರಾರಿನ ಬಲದಿಂದ ಸ್ವಾಧೀನ ಉಳಿಸಿಕೊಳ್ಳಬೇಕಾದರೆ, 2001ರ ತಿದ್ದುಪಡಿಯ ನಂತರದ ಕರಾರುಗಳು ನೋಂದಣಿಯಾಗಿರಬೇಕು.

ಹನ್ನೆರಡು ವರ್ಷ ಇದ್ದರೆ ಮನೆ ನಮ್ಮದಾಗುತ್ತದೆ ಎಂಬ ಮಾತಿನಷ್ಟು ಮನೆಮಾತಾದ ತಪ್ಪು ತಿಳಿವಳಿಕೆ ಇನ್ನೊಂದಿಲ್ಲ. ಪ್ರತಿಕೂಲ ಸ್ವಾಧೀನಕ್ಕೆ, ಅಂದರೆ ಬೇರೆಯವರ ಆಸ್ತಿಯನ್ನು ದೀರ್ಘಕಾಲ ಹಿಡಿದು ಹಕ್ಕು ಪಡೆಯುವುದಕ್ಕೆ, ಹನ್ನೆರಡು ವರ್ಷ ಎಂಬುದು ನಿಜ, ಸರ್ಕಾರಿ ಜಾಗವಾದರೆ 30 ವರ್ಷ. ಆದರೆ ಆ ಸ್ವಾಧೀನ ಮಾಲೀಕರ ಹಕ್ಕನ್ನು ಬಹಿರಂಗವಾಗಿ ಧಿಕ್ಕರಿಸಿ ನಡೆದಿರಬೇಕು. ಬಾಡಿಗೆ ಕಟ್ಟುತ್ತಾ ನಲವತ್ತು ವರ್ಷ ಇದ್ದವನು ಪ್ರತಿ ತಿಂಗಳೂ ಮಾಲೀಕರ ಹಕ್ಕನ್ನು ಒಪ್ಪಿಕೊಂಡಂತೆಯೇ. ಕಾವಲುಗಾರ, ಅನುಮತಿಯಿಂದ ಇರುವ ನೆಂಟ ಎಷ್ಟು ಕಾಲ ಇದ್ದರೂ ಅದು ಮಾಲೀಕರ ಪರವಾದ ಸ್ವಾಧೀನ ಎಂದು ಸುಪ್ರೀಂ ಕೋರ್ಟ್ 2012ರಲ್ಲಿ ಖಡಾಖಂಡಿತವಾಗಿ ಹೇಳಿದೆ. ಮಾಲೀಕರು ಮರೆಯಬಾರದ ಹನ್ನೆರಡು ವರ್ಷ ಬೇರೆ: ಬಾಡಿಗೆ ಹಕ್ಕು ಕೊನೆಗೊಂಡ ದಿನದಿಂದ ಅಷ್ಟರೊಳಗೆ ತೆರವಿನ ದಾವೆ ಹೂಡಬೇಕು.

ಬೀಗ ಹಾಕಿ ಹೊರಹಾಕಬಹುದೇ?

ಇಲ್ಲ. ಅವಧಿ ಮುಗಿದಿರಲಿ, ಬಾಡಿಗೆ ಬಾಕಿ ಇರಲಿ, ಕಾನೂನಿನ ದಾರಿಯಿಲ್ಲದೆ ಸಾಮಾನು ಹೊರಗೆ ಹಾಕುವಂತಿಲ್ಲ. ಹಾಗೆ ಹೊರದೂಡಲ್ಪಟ್ಟವರು 1963ರ ನಿರ್ದಿಷ್ಟ ಪರಿಹಾರ ಕಾಯ್ದೆಯ 6ನೇ ಕಲಮಿನಡಿ ಆರು ತಿಂಗಳೊಳಗೆ ದಾವೆ ಹಾಕಿ ಸ್ವಾಧೀನ ಮರಳಿ ಪಡೆಯಬಹುದು. ಆ ದಾವೆಯಲ್ಲಿ ಆಸ್ತಿ ಯಾರದೆಂಬ ಪ್ರಶ್ನೆಯನ್ನು ಕೋರ್ಟ್ ಎತ್ತಿಕೊಳ್ಳುವುದೇ ಇಲ್ಲ. ಮಾಲೀಕರ ಮೇಲೂ ಅದು ನಡೆಯುತ್ತದೆ, ಸರ್ಕಾರದ ಮೇಲೆ ಮಾತ್ರ ನಡೆಯುವುದಿಲ್ಲ.

ಅತಿಕ್ರಮಣಕಾರನಾದರೂ ನೆಲೆಯೂರಿ ಕೂತಿದ್ದರೆ ಇದೇ ನಿಯಮ. ಆದರೆ ನಿನ್ನೆ ರಾತ್ರಿ ಬೀಗ ಒಡೆದು ನುಗ್ಗಿದವನ ಸ್ವಾಧೀನ ನೆಲೆಯೂರಿದ್ದು ಎನಿಸುವುದಿಲ್ಲ, ಅವನ ಮೇಲೆ ಅತಿಕ್ರಮ ಪ್ರವೇಶದ ಕ್ರಿಮಿನಲ್ ದೂರು ನಿಲ್ಲುತ್ತದೆ. ಖಾಲಿ ಮನೆಯ ವಿಷಯದಲ್ಲಿ ತಕ್ಷಣ ದೂರು ಕೊಡಬೇಕು ಎನ್ನುವುದು ಇದಕ್ಕೇ.

ನೀರು, ಕರೆಂಟು ಕತ್ತರಿಸಿ ಬೇಸರ ಬರಿಸುವ ದಾರಿಯೂ ಮುಚ್ಚಿದೆ. ಬಾಡಿಗೆ ಕಾಯ್ದೆ ಅದನ್ನು ನೇರವಾಗಿ ನಿಷೇಧಿಸುತ್ತದೆ. ಕಾಯ್ದೆಯ ಹೊರಗಿನ ಮನೆಯವರು ತಡೆಯಾಜ್ಞೆ ತರಬಹುದು.

ಸರ್ಕಾರಿ ಕಟ್ಟಡವಾದರೆ

ನಿವೃತ್ತಿಯಾದರೂ ಕ್ವಾರ್ಟರ್ಸ್ ಬಿಡದ ನೌಕರ, ಹರಾಜಿನ ಅವಧಿ ಮುಗಿದರೂ ಪುರಸಭೆ ಮಳಿಗೆ ಬಿಡದ ವ್ಯಾಪಾರಿ, ಇವರಿಗೆ ಬೇರೆ ಕಾನೂನು. ಕೇಂದ್ರಕ್ಕೆ 1971ರದ್ದು, ರಾಜ್ಯಕ್ಕೆ 1974ರದ್ದು. ಅವಧಿ ಮುಗಿದ ಮೇಲೆ ಉಳಿದವರನ್ನೂ ಇಲ್ಲಿ 'ಅನಧಿಕೃತ' ಎಂದೇ ಕರೆಯುತ್ತಾರೆ. ಕೋರ್ಟಿನ ಬದಲು ಗೊತ್ತುಪಡಿಸಿದ ಅಧಿಕಾರಿಯೇ ಕಾರಣ ಕೇಳುವ ನೋಟಿಸು ಕೊಟ್ಟು, ಅಹವಾಲು ಕೇಳಿ, ತೆರವಿಗೆ ಆದೇಶಿಸುತ್ತಾರೆ. ಮೇಲ್ಮನವಿ ಜಿಲ್ಲಾ ನ್ಯಾಯಾಧೀಶರಿಗೆ. ಸರ್ಕಾರಿ ಬ್ಯಾಂಕಿನ ಕಟ್ಟಡದ ಬಾಡಿಗೆದಾರರು ಬಾಡಿಗೆ ನಿಯಂತ್ರಣದ ರಕ್ಷಣೆ ಕೇಳಿದಾಗ, 1990ರಲ್ಲಿ ಸುಪ್ರೀಂ ಕೋರ್ಟಿನ ಸಂವಿಧಾನ ಪೀಠ 1971ರ ಕಾಯ್ದೆಯದೇ ಮೇಲುಗೈ ಎಂದಿತು.

ತೀರ್ಪು ಬಂದ ಮೇಲೂ ಇದೆ

ಅಡ್ವಾನ್ಸ್ ವಾಪಸ್ ಬರುವವರೆಗೆ ಬಿಡುವುದಿಲ್ಲ ಎಂದು ಕೂರುವವರಿದ್ದಾರೆ. ಅಡ್ವಾನ್ಸ್ ವಸೂಲು ಮಾಡುವ ಹಕ್ಕು ಬೇರೆ, ಇರುವ ಹಕ್ಕು ಬೇರೆ. ಹಕ್ಕು ಮುಗಿದ ದಿನದಿಂದ ಬೀಗದ ಕೈ ಒಪ್ಪಿಸುವ ದಿನದವರೆಗೆ ಪರಿಹಾರ ಕಟ್ಟಬೇಕಾಗುತ್ತದೆ, ಅದೂ ಹಳೆಯ ಬಾಡಿಗೆಯ ದರದಲ್ಲೇ ಇರಬೇಕೆಂದಿಲ್ಲ. ತೆರವಿನ ಆದೇಶವಾದ ಮೇಲೆ ಅಪೀಲು ಹಾಕಿ ಸ್ಟೇ ಕೇಳಿದರೆ, ಇಂದಿನ ಮಾರುಕಟ್ಟೆ ಬಾಡಿಗೆಯ ಲೆಕ್ಕದಲ್ಲಿ ಹಣ ಕಟ್ಟಬೇಕೆಂದು ಷರತ್ತು ವಿಧಿಸಬಹುದು ಎಂದು ಸುಪ್ರೀಂ ಕೋರ್ಟ್ 2004ರ ಡಿಸೆಂಬರಿನಲ್ಲಿ ಹೇಳಿತು. ತಿಂಗಳಿಗೆ ಮುನ್ನೂರು, ನಾನೂರು ಕಟ್ಟಿ ಅಪೀಲಿನ ಮೇಲೆ ಅಪೀಲು ಹಾಕುತ್ತಿದ್ದ ಹಳೆ ಮಳಿಗೆಗಳವರ ಲೆಕ್ಕಾಚಾರವನ್ನು ಅತಿ ಹೆಚ್ಚು ಅಲುಗಾಡಿಸಿದ ತೀರ್ಪು ಬಹುಶಃ ಇದೇ.

ಡಿಕ್ರಿ, ಅಂದರೆ ದಾವೆಯಲ್ಲಿ ಕೋರ್ಟಿನ ಅಧಿಕೃತ ತೀರ್ಮಾನ, ಸಿಕ್ಕಿತೆಂದರೆ ಮನೆ ಸಿಕ್ಕಿತೆಂದಲ್ಲ. ಬಿಡದಿದ್ದರೆ ಅದನ್ನು ಜಾರಿ ಮಾಡಿಸಲು ಅಮಲ್ಜಾರಿ ಅರ್ಜಿ ಹಾಕಬೇಕು. ಕೋರ್ಟಿನ ಅಮೀನರು ವಾರೆಂಟು ಹಿಡಿದು ಬರುತ್ತಾರೆ. ಬೀಗ ಹಾಕಿದ್ದರೆ ಒಡೆಯಲು, ತಡೆದರೆ ಪೊಲೀಸ್ ನೆರವು ಪಡೆಯಲು ಕೋರ್ಟಿನ ಅಪ್ಪಣೆ ಬೇಕು. ಎಷ್ಟೋ ಸಲ ಆ ಹೊತ್ತಿಗೆ ಒಳಗಿಂದ ಬೇರೆ ಮುಖವೊಂದು ಬಂದು 'ಕೇಸಿನಲ್ಲಿ ನಾನಿಲ್ಲ, ನನಗೆ ಬೇರೆ ಹಕ್ಕಿದೆ' ಎನ್ನುತ್ತದೆ. ಅಂಥವರ ತಕರಾರಿಗೆ ಹೊಸ ದಾವೆ ಹೂಡಬೇಕಿಲ್ಲ. ಸಿವಿಲ್ ಪ್ರಕ್ರಿಯಾ ಸಂಹಿತೆಯ 21ನೇ ಆದೇಶದ ಪ್ರಕಾರ ಅಮಲ್ಜಾರಿ ನಡೆಸುವ ಕೋರ್ಟೇ ಅದನ್ನು ವಿಚಾರಿಸಿ ತೀರ್ಮಾನಿಸುತ್ತದೆ. ಆ ತೀರ್ಮಾನವೂ ಒಂದು ಡಿಕ್ರಿಗೆ ಸಮ, ಅದರ ಮೇಲೂ ಅಪೀಲು ಹೋಗಬಹುದು.